ಕೆಳಸೀಮಿಯ ಹಾಡು

ಒಬ್ಬಾಕಿ ಸಲುವಾಗಿ ರೊಟ್ಟಿ ಬಡಿಯೂದು ಭಾಳ ಬ್ಯಾಸರದ ಕೆಲಸ. ಹಂಚು ಕಾಯೂದರಾಗನ ಹಸಿವು ಹೋಗಿಬಿಡತೈತಿ. ಬೈಲಹೊಂಗಲದ ನನ್ನ ಮನ್ಯಾಗ ನಾನ, ಒಂದು ಹಂಚು, ಒಂದು ರೇಡಿಯೋ. ಸಾಲ್ಯಾಗ ಅಕ್ಕೋರಾಗಿ ಹುಡುಗೂರ ಮ್ಯಾಲೆ ಒದರಿ ಒದರಿ ರಿಟೈರ್ ಆದ್ನಿ; ಈಗ ಒದರಾಕೂ ಯಾರೂ ಇಲ್ಲ. ಲಗ್ನ ಯಾಕ ಆಗಲಿಲ್ಲಂತ ಕೇಳಬ್ಯಾಡ್ರಿ, ಕೇಳಿದವ್ರಿಗೆಲ್ಲಾ ಒಂದೊಂದು ಸುಳ್ಳು ಹೇಳೇನಿ. ಹಿಂಗ ರೊಟ್ಟಿ ಬಡಿಯುವಾಗ ಒಂದು ಹಾಡು ತಾನ ಬಾಯಿಗೆ ಬರತೈತಿ. ಅದು ಯಾವ ಗುಡಿದೂ ಅಲ್ಲ, ಯಾವ ಊರಿಂದೂ ಅಲ್ಲ. ನಾನೂ ನಮ್ಮಕ್ಕನೂ ಸಣ್ಣವ್ರಿದ್ದಾಗ ಹುಟ್ಟಿಸಿದ ಒಂದು ಸೀಮಿದು.

ನಾವು ಹುಟ್ಟಿದೂರು ಮನೋಳ್ಯಾಗ ನಮ್ಮ ಮನಿ ಅಂಗಳದಾಗ ಒಂದು ಹಗೇವು ಇತ್ತು, ಜ್ವಾಳ ತುಂಬಿಡೂ ನೆಲದೊಳಗಿನ ಕಣಜ. ಕಾಳು ಖಾಲಿ ಆದಾಗ ಗಾಳಿ ಆಡಲಿ ಅಂತ ಅದರ ಬಾಯಿ ತಗದಿಡತಿದ್ರು. ಹಂತ್ಯಾಕ ಹೋದ್ರ ಕಾಲು ಮುರೀತೇನಿ ಅಂತಿದ್ಲು ಅವ್ವ. ಅಷ್ಟ ಅಂದ್ರ ಸಾಕಾತು, ನಾವಿಬ್ರೂ ಅಲ್ಲೇ ಬೋರಲ ಬಿದ್ದಿರತಿದ್ವಿ. ಅದರ ತಳದಾಗ ಒಂದು ಸೀಮಿ ಐತಿ ಅಂದಾಕಿ ಅಕ್ಕ. ಅಲ್ಲಿ ಮಂದಿಗೆ ಸೂರ್ಯಾ ಇಲ್ಲ, ಒಂದು ಜ್ವಾಳದ ಕಾಳ ಅವ್ರ ಸೂರ್ಯಾ. ದಿನಾ ಅದು ನಿದ್ದಿ ಹೋಗತೈತಿ, ಹಾಡಿ ಎಬ್ಬಿಸಿದ್ರಷ್ಟ ಕೆಳಗ ಬೆಳಕು. ಅದಕ್ಕ ಕೆಳಸೀಮಿ ಅಂತ ಹೆಸರಿಟ್ಟಾಕಿನೂ ಅಕ್ಕನ.

ನಮ್ಮ ಕಡೆ ಅರಿಷಿಣ ಹಚ್ಚುವಾಗ ಹೆಣ್ಮಕ್ಕಳು ಎರಡು ಗುಂಪಾಗಿ ಹಾಡತಾರಲ್ಲ, ಒಂದು ಗುಂಪು ಎತ್ತತೈತಿ, ಇನ್ನೊಂದು ಹಿಡೀತೈತಿ. ಕೆಳಸೀಮಿ ಹಾಡಿಗೂ ಹಂಗ ಎರಡು ಕಂಠ ಬೇಕು. ಪ್ರಶ್ನಿ ಎಲ್ಲಾ ನಂದು, ಉತ್ರ ಎಲ್ಲಾ ಆಕಿದು. ಉತ್ರ ಆ ಕಾಳಿಗೆ ಮಾತ್ರ ಕೇಳಬೇಕು, ಮ್ಯಾಲಿನವ್ರ ಕಿವಿಗೆ ಬಿದ್ರ ಬೆಳಕು ಆಗೂದಿಲ್ಲ ಅಂತ ಶಾಸ್ತ್ರ. ಶಾಸ್ತ್ರ ಮಾಡಿದಾಕಿನೂ ಆಕಿನ, ದೊಡ್ಡಾಕಿ ನೋಡ್ರಿ! ‘ಹೊಟ್ಟು ತೂರಾಕಿ ಯಾರವ್ವಾ, ಕಾಳು ಎಬ್ಬಸಾಕಿ ಯಾರವ್ವಾ’ ಅಂತ ಒಂದೊಂದ ಪ್ರಶ್ನಿ ನಾ ಎತ್ತಿ, ಎರಡೂ ಕಿವಿ ಗಟ್ಟಿಯಾಗಿ ಮುಚ್ಚಿಕೊಂಡು ಕುಂದರತಿದ್ನಿ. ಅಕ್ಕ ಹಗೇವಿನ ಬಾಯಾಗ ಮಾರಿ ಇಟ್ಟು ಉತ್ರ ಹೇಳತಿದ್ಲು. ಆಕಿ ಜಡಿ ಅಲ್ಲಾಡೂದಷ್ಟ ನನಗ ಕಾಣತಿತ್ತು. ಒಂದ ದಿನಾನೂ ನಾ ಕದ್ದು ಕೇಳಲಿಲ್ಲ.

ಮುಂದ ಅಕ್ಕನ ಲಗ್ನಾತು, ರಾಮದುರ್ಗದ ಕಡೆ ಸಾಲಹಳ್ಳಿಗೆ ಹೋದ್ಲು. ಹಗೇವು ಮುಚ್ಚಿ ಮ್ಯಾಲೆ ಫರಶಿ ಕಲ್ಲು ಹಾಕಿದ್ರು. ಪ್ರಶ್ನಿ ಅಷ್ಟ ನನ್ನ ಕಡೆ ಉಳದ್ವು. ನೌಕರಿ ಗದ್ದಲದಾಗ ಅದೇನೂ ಅನಸಲಿಲ್ಲ. ಈಗ ಈ ಖಾಲಿ ಮನ್ಯಾಗ ಒಂದು ಪ್ರಶ್ನಿ ಎತ್ತಿದ್ರ ಹೂಂ ಅನ್ನಾವ್ರಿಲ್ಲ. ಒಂದಿನ ಹಂಚಿನ್ಯಾಗ ರೊಟ್ಟಿ ಹೊತ್ತಿ ಹೋತು, ನಾ ಅದರ ಮುಂದ ಅಳಕೋಂತ ನಿಂತಿದ್ನಿ. ನನಗ ಆ ಉತ್ರ ಬೇಕಾಗಿದ್ವು. ಅವು ಸಿಕ್ರ ಹಾಡು ಪೂರಾ ನಾನ ಹಾಡಕೋಬಹುದು, ಮನ್ಯಾಗ ಇನ್ನೊಂದು ಕಂಠ ಇದ್ದಂಗ ಆಗತೈತಿ ಅಂತ ಆಸೆ. ಫೋನಿನ್ಯಾಗ ಕೇಳೂ ಮಾತಲ್ಲ ಅದು. ಸವದತ್ತ್ಯಾಗ ಬಸ್ಸು ಬದಲಿ ಮಾಡಿ ಸಾಲಹಳ್ಳಿಗೆ ಹೋದ್ನಿ.

ಅಕ್ಕಂದು ತುಂಬಿದ ಮನಿ. ಮಕ್ಕಳು, ಸೊಸ್ತ್ಯಾರು, ಮೊಮ್ಮಕ್ಕಳು, ಹಿತ್ತಲದಾಗ ಎಮ್ಮಿ. “ಬಾರವಾ ಬಾ, ಎಷ್ಟ ಸೊರಗೀಯಲ್ಲ!” ಅಂದು ಪಡಸಾಲ್ಯಾಗ ಕುಂದರಿಸಿ, ನನ್ನ ಮುಂದ ಒಂದು ಬುಟ್ಟಿ ಶೇಂಗಾ ಸುರವಿದ್ಲು. ಬಂದವ್ರಿಗೂ ಕೆಲಸ ಹಚ್ಚೂ ಪೈಕಿ ಆಕಿ. ಇಬ್ರೂ ಸುಲಕೋಂತ ಕುಂತ್ವಿ. ಚಾ ಕುಡದಮ್ಯಾಲೆ ಧೈರ್ಯ ಮಾಡಿದ್ನಿ.

“ಯಕ್ಕಾ, ಕೆಳಸೀಮಿ ಹಾಡಿನ ಉತ್ರ ಹೇಳ. ಇನ್ನೇನ ಶಾಸ್ತ್ರ ಉಳದಿಲ್ಲ.”

ಆಕಿ ಬಿದ್ದು ಬಿದ್ದು ನಕ್ಕಳು. “ಅಯ್ಯ ನನ್ನ ಹಡದವ್ವ! ಉತ್ರ ಎಲ್ಲಿದ್ವು? ನಾ ಹಗೇವಿನ್ಯಾಗ ಮಾರಿ ಇಟ್ಟು ನಗತಿದ್ನಿ. ಪ್ರಶ್ನಿ ನೀ ಛಲೋ ಹುಟ್ಟಸತಿದ್ದಿ, ನನಗ ಉತ್ರ ಹೊಳೀತಿರಲಿಲ್ಲ. ಅದಕ್ಕ ಕಿವಿ ಮುಚ್ಚಿಕೋ ಅಂದಿದ್ನಿ.”

ನನಗ ಸಿಟ್ಟೂ ಬಂತು, ಅಳುವೂ ಬಂತು. ಇಬ್ರೂ ಕೂಡಿ ಹಾಡಿದ್ವಿ ಅಂತ ಇಷ್ಟು ವರ್ಷ ತಿಳಕೊಂಡಿದ್ದೆಲ್ಲಾ ನಾ ಒಬ್ಬಾಕಿನ ಹಾಡಿದ್ನಿ. “ಸುಡ್ಲಿ ನಿನ್ನ ಬುದ್ಧಿ,” ಅಂದ್ನಿ.

ಅಕ್ಕ ನನ್ನ ಮಾರಿ ನೋಡಿ ನಗೂದು ಬಿಟ್ಲು. “ಅದಕ್ಯಾಕ ಮಾರಿ ಸಣ್ಣದ ಮಾಡತಿ? ಈಗ ಕೇಳ, ಈ ಸರ್ತಿ ಖರೇನ ಹೇಳತೇನಿ.”

ಒಳಗಿಂದ ಸೊಸ್ತ್ಯಾರು ಹಣಿಕಿ ಹಾಕಾಕ ಹತ್ತಿದ್ರು. ನಾಚಿಕಿ ಬಿಟ್ಟು ಹಾಡಿನ ಮೊದಲನೇ ಸಾಲು ಎತ್ತಿದ್ನಿ.

“ಕತ್ತಲ ನಾಡಾಗ ಒಬ್ಬಾಕಿನ ಕುಂತಾಕಿ ಯಾರವ್ವಾ?”

ಅಕ್ಕ ಕೈಯಾಗಿನ ಶೇಂಗಾ ಕೆಳಗಿಟ್ಟು ಭಾಳೊತ್ತು ವಿಚಾರ ಮಾಡಿದ್ಲು. ಖರೇನ ಹುಡುಕಿದ್ಲು ಪಾಪ. ಆಮ್ಯಾಲೆ ನನ್ನ ಮಾರಿ ನೋಡಿ, ಸಣ್ಣ ದನಿಲೆ ಅಂದ್ಲು:

“ನೀನ ಅಲ್ಲೇನವಾ.”

ಎರಡನೇ ಪ್ರಶ್ನಿ ನಾ ಕೇಳಲಿಲ್ಲ.