ಅತ್ತೆಯ ಲೈಸೆನ್ಸಿಗೆ ಮಾವ ತೆಗೆದ ಫೋಟೋ

ಅಳಿಯನಿಗೆ ಸಿನಿಮಾ ಬಗ್ಗೆ ಗೊತ್ತಿದ್ದದ್ದು ಇಂಟರ್‌ವಲ್ ಎಷ್ಟು ಹೊತ್ತಿಗೆ ಎನ್ನುವುದಷ್ಟೇ. ಅಂಥವನು ಆಫೀಸಿಗೆ ಅರ್ಧ ದಿನ ರಜೆ ಹಾಕಿ, ಮಾವನ ಮನೆಯ ನಡುಕೋಣೆಯಲ್ಲಿ ಮುಖಕ್ಕೆ ಬೆಳಕು ಹಾಯಿಸುವ ಬಿಳಿ ಥರ್ಮಾಕೋಲ್ ಹಲಗೆ ಎತ್ತಿ ಹಿಡಿದು ನಿಂತಿದ್ದ. ಅವನು ಬಂದದ್ದು ಅತ್ತೆಯನ್ನು ಲೈಸೆನ್ಸ್ ಕಚೇರಿಗೆ ಕರೆದೊಯ್ಯಲು. ಅರವತ್ತೊಂದರ ವಯಸ್ಸಿನಲ್ಲಿ, ನಾಲ್ಕನೆಯ ಪ್ರಯತ್ನಕ್ಕೆ, ಅತ್ತೆ ಡ್ರೈವಿಂಗ್ ಟೆಸ್ಟ್ ಪಾಸಾಗಿದ್ದರು. ಈ ದಿನ ನಾಲ್ಕು ಗಂಟೆಯೊಳಗೆ ಅರ್ಜಿಗೆ ಫೋಟೋ ಅಂಟಿಸಿ ಕೊಡದಿದ್ದರೆ ಮತ್ತೆ ಮೊದಲಿನಿಂದ ಟೆಸ್ಟು.

"ಫೋಟೋ ಅಂಗಡೀಲಿ ಎರಡು ನಿಮಿಷದ ಕೆಲಸ ರೀ" ಅಂದಿದ್ದರು ಅತ್ತೆ.

ಮಾವ ಹೌಹಾರಿದ್ದರು. ಮೂವತ್ತೆಂಟು ವರ್ಷ ಸಿನಿಮಾ ಕ್ಯಾಮೆರಾದ ಹಿಂದೆ ನಿಂತ ಮನುಷ್ಯ. ದೆವ್ವ, ಕೋರ್ಟು, ಕಾಲೇಜು ಪ್ರೇಮ, ಇರುವೆಗಳ ಸಾಕ್ಷ್ಯಚಿತ್ರ, ಯಾವುದಕ್ಕೂ ಒಲ್ಲೆ ಎಂದವರಲ್ಲ. ಬೆಳಿಗ್ಗೆ ಕೊಲೆ, ಮಧ್ಯಾಹ್ನ ಹಲ್ಲುಪುಡಿ ಜಾಹೀರಾತು ತೆಗೆದದ್ದೂ ಉಂಟು. ಆದರೆ ಸೀನ್ ಏನೆಂದು ಗೊತ್ತಾಗದೆ ಒಂದು ಬಲ್ಬನ್ನೂ ಹಚ್ಚುತ್ತಿರಲಿಲ್ಲ. "ಈ ಇರುವೆ ಒಳ್ಳೇದೋ ಕೆಟ್ಟದ್ದೋ?" ಎಂದು ಕೇಳಿ, ನಿರ್ದೇಶಕ ಬಾಯಿ ಬಿಡುವ ತನಕ ಕೈಕಟ್ಟಿ ಕೂತಿದ್ದರಂತೆ.

"ಸೀನ್ ಏನೇ?" ಎಂದರು ಈಗಲೂ.

"ಸೀನೂ ಇಲ್ಲ, ಗೀನೂ ಇಲ್ಲ. ನಾನು ಗಾಡಿ ಓಡಿಸ್ತೀನಿ, ಅಷ್ಟೆ."

"ಹಾಗನ್ನು! ಮೂರು ಸಲ ಸೋತ ಹೆಂಗಸು. ಕೊನೆಗೂ ಗೆದ್ದಳು. ಆದ್ರೆ ಒಳಗೆಲ್ಲೋ ಒಂದು ಭಯ."

"ಭಯ ನಿಮಗಿರ್ಲಿ. ಪಕ್ಕದ ಸೀಟಲ್ಲಿ ಕೂರೋರು ನೀವು."

ಬೀರು ಮೂಲೆ ಸೇರಿತು. ಕಿಟಕಿಗೆ ಕಂಬಳಿ ಬಂತು. "ಅಳಿಯಂದಿರೇ, ಒಂದಂಗುಲ ಎಡಕ್ಕೆ." ಅಳಿಯ ಒಂದಡಿ ಸರಿದು ಬೀರುವಿಗೆ ಡಿಕ್ಕಿ ಹೊಡೆದ. ಆಫೀಸಿನಲ್ಲಿ ದಿನವಿಡೀ ಕೂತು ಸಂಬಳದ ಲೆಕ್ಕ ಬರೆಯುವವನ ತೋಳುಗಳು ಹತ್ತೇ ನಿಮಿಷಕ್ಕೆ ರಾಜೀನಾಮೆ ಕೊಟ್ಟಿದ್ದವು.

ಮೂರೂ ಇಪ್ಪತ್ತಕ್ಕೆ ಮನೆಯ ಪ್ರಿಂಟರಿನಿಂದ ಫೋಟೋ ಹೊರಬಿತ್ತು. ಅರ್ಧ ಮುಖ ಕತ್ತಲು, ಕಣ್ಣಿನಲ್ಲೊಂದು ಬೆಳಕಿನ ಹನಿ.

"ಗಂಡನ್ನ ಕೊಂದು ಬಂದವಳ ಥರ ಇದೀನಲ್ರೀ" ಎಂದರು ಅತ್ತೆ.

ಲೈಸೆನ್ಸ್ ಕಚೇರಿಯ ಕೌಂಟರಿನ ಗುಮಾಸ್ತ ಫೋಟೋವನ್ನು ತಿರುಗಿಸಿ ತಿರುಗಿಸಿ ನೋಡಿದ. "ಅಮ್ಮಾ, ಎರಡೂ ಕಿವಿ ಕಾಣ್ಬೇಕು. ಇನ್ನೊಂದು ಎಲ್ಲಿ?"

"ಕತ್ತಲಲ್ಲಿದೆ. ಊಹಿಸ್ಕೋಬೇಕು" ಎಂದರು ಮಾವ.

"ಸರ್ಕಾರ ಊಹಿಸಲ್ಲ ಸಾರ್. ನಾಲ್ಕಕ್ಕೆ ಹತ್ತು ನಿಮಿಷ ಇದೆ."

ಅತ್ತೆ ಚಪ್ಪಲಿ ಕೈಗೆತ್ತಿಕೊಂಡು ಎದುರಿನ ಫೋಟೋ ಅಂಗಡಿಗೆ ಓಡಿದರು. ಹಿಂದೆ ಅಳಿಯ, ಅವನ ಹಿಂದೆ ಏದುಸಿರು ಬಿಡುತ್ತಾ ಮಾವ. ಅಂಗಡಿಯವನು ಫೋನಿನಲ್ಲಿ ಯಾರನ್ನೋ ಬೈಯುತ್ತಲೇ ಕ್ಯಾಮೆರಾ ಎತ್ತಿದ. ಮಾವ ತಡೆಯಲಾರದೆ ಬಗ್ಗಿ ನೋಡಿದರು.

"ಯಜಮಾನ್ರೇ, ಸ್ವಲ್ಪ ಪಕ್ಕಕ್ಕೆ. ಬೆಳಕಿಗೆ ಅಡ್ಡ ನಿಂತಿದೀರಿ."

ಮೂವತ್ತೆಂಟು ವರ್ಷದ ಅನುಭವ ತೆಪ್ಪಗೆ ಪಕ್ಕಕ್ಕೆ ಸರಿಯಿತು. ಕ್ಲಿಕ್.

ಮೂರೂ ಐವತ್ತೆಂಟಕ್ಕೆ ಅರ್ಜಿಯ ಮೇಲೆ ಮೊಹರು ಬಿತ್ತು. ಗುಮಾಸ್ತ ಮಾವ ತೆಗೆದಿದ್ದ ಫೋಟೋವನ್ನು ಕಸದ ಬುಟ್ಟಿಗೆ ಹಾಕಲು ಹೋದ. ಅತ್ತೆ ಗಬಕ್ಕನೆ ಕಿತ್ತುಕೊಂಡು ಪರ್ಸಿಗೆ ಸೇರಿಸಿದರು.

"ಅದ್ಯಾಕೆ ಈಗ?" ಎಂದರು ಮಾವ, ಮುಖ ಬೇರೆ ಕಡೆ ಮಾಡಿಕೊಂಡು.

"ಚೆನ್ನಾಗಿದೀನಿ ಅದ್ರಲ್ಲಿ. ಕತ್ತಲಲ್ಲಿರೋ ಆ ಕಿವಿ ನಂಗೂ ಇಷ್ಟ ಇಲ್ಲ."