ಬಾಯವ್ವ ಗೋಣು ಹಾಕಲಿಲ್ಲ

ಅವತ್ತು ಬೆಳಿಗ್ಗೆ ನಳದ ನೀರು ತುಂಬಿದೆ, ಜೋಳ ಗಿರಣಿಗೆ ಹಾಕಿ ಬಂದೆ, ಯಜಮಾನರ ಅಂಗಿಗೆ ಗುಂಡಿ ಹಚ್ಚಿದೆ, ಲ್ಯಾಪ್‌ಟಾಪ್ ಚಾರ್ಜಿಗೆ ಇಟ್ಟೆ. ಈಗ ಹೇಳುವಂಥ ನಂಬಲಾಗದ ಕಥೆಗಳನ್ನು ಬೇರೆಯವರು ಹೇಳಿದರೆ ನಗುತ್ತಿದ್ದವಳು ನಾನು. ಈಗ ನೀವು ನಕ್ಕರೂ ಬೇಜಾರಿಲ್ಲ.

ಅನಗೋಳದ ನಮ್ಮ ಮನೆಯ ಹಿಂದಿನ ಕೋಣೆಯಲ್ಲಿ ಕೂತು ಸಾಕ್ಷ್ಯಚಿತ್ರಗಳನ್ನು ಎಡಿಟ್ ಮಾಡುತ್ತೇನೆ. ಮದುವೆ ವಿಡಿಯೊಗಳಿಂದ ಶುರುಮಾಡಿದ ಕೈ. ಏಳೆಂಟು ವರ್ಷದ ಹಿಂದೆ ಖಾನಾಪುರದ ಕಾಡಿನೊಳಗಿನ, ಸರ್ಕಾರ ಎಬ್ಬಿಸಲು ಹೊರಟಿದ್ದ ಸಣ್ಣ ಊರೊಂದರ ಚಿತ್ರ ಎಡಿಟಿಂಗಿಗೆ ಬಂತು. ಊರು ಬಿಟ್ಟು ಹೊರಗೆ ಬರಲು ಒಪ್ಪಿಗೆಯೇ ಎಂದು ನಿರ್ದೇಶಕರು ಎಮ್ಮೆ ಕಾಯುವ ಮುದುಕಿ ಬಾಯವ್ವನನ್ನು ಕೇಳಿದ್ದರು. ಆಕೆ ಕ್ಯಾಮೆರಾ ನೋಡುತ್ತ ಸುಮ್ಮನೆ ಕೂತಿದ್ದಳು.

"ಹಿಂಗ ಸುಮ್ಮನ ಕುಂತ್ರ ಪಿಚ್ಚರ್ ಮುಂದ ಹೋಗೂದಿಲ್ರೀ ಅಕ್ಕಾರ. ಏನರೆ ಮಾಡ್ರಿ," ಎಂದು ಎಡಿಟಿಂಗಿಗೆ ಕೂತಾಗ ನಿರ್ದೇಶಕರು ನನಗೆ ಹೇಳಿದರು.

ಮಾಡಿದೆ. ಬೇರೆ ಹೊತ್ತಿನಲ್ಲಿ ಯಾರೋ ಚಹಾ ಬೇಕೇ ಎಂದು ಕೇಳಿದಾಗ ಆಕೆ ಹೂಂ ಎಂಬಂತೆ ಗೋಣು ಹಾಕಿದ್ದಳು. ಆ ತುಣುಕನ್ನು ಕತ್ತರಿಸಿ ಈ ಪ್ರಶ್ನೆಯ ಬೆನ್ನಿಗೆ ಅಂಟಿಸಿದೆ. ಜೋಡಿಸಿದ್ದು ಯಾರಿಗೂ ಗೊತ್ತಾಗುವಂತಿರಲಿಲ್ಲ. ಅದಕ್ಕೆ ಹೆಮ್ಮೆಯೂ ಪಟ್ಟೆ.

ಮೊದಲು ಹೇಳಿದ ಆ ದಿನ ಲ್ಯಾಪ್‌ಟಾಪ್ ಹಿಡಿದು ನಾನು, ನಿರ್ದೇಶಕರು ಚಿತ್ರವನ್ನು ಆಕೆಗೆ ತೋರಿಸಲು ಹೋದೆವು. ಅಂಗಳದಲ್ಲಿ ಕೂತು, ಸೆರಗಿನಿಂದ ಬಿಸಿಲು ಮರೆಮಾಡಿ ನೋಡಿದಳು. ಪ್ರಶ್ನೆ ಬಂತು. ಪರದೆಯ ಮೇಲಿನ ಬಾಯವ್ವ ಗೋಣು ಹಾಕಲಿಲ್ಲ. ನೆಟ್ಟಗೆ ನಮ್ಮನ್ನೇ ನೋಡುತ್ತ ಕೂತೇ ಇದ್ದಳು.

"ಇದ್ದದ್ದು ಇದ್ದಂಗ ಹಾಕೀಯವ್ವಾ. ನಾ ಹೂಂ ಅಂದಂಗ ತೋರಸ್ತಾರ ನೋಡು ಅಂತ ಮಂದಿ ಅಂಜಿಸಿದ್ರು," ಎಂದು ನನ್ನ ಕೈ ಹಿಡಿದಳು. ಒಳಗೆ ಹೋಗಿ ಒಂದು ಡಬ್ಬಿ ತುಪ್ಪ ತಂದು ಕೊಟ್ಟಳು. ಈಸಿಕೊಂಡೆ. ಚೀಲಕ್ಕೆ ಇಳಿಸಿದೆ.

ವಾಪಸ್ ಬರುವಾಗ ನಿರ್ದೇಶಕರು ಮುಖ ಊದಿಸಿಕೊಂಡಿದ್ದರು. "ನನಗೊಂದ ಮಾತ ಹೇಳದ ತಗದ್ರೆಲ್ರೀ!"

ಗೋಣು ಹಾಕಿದ ಆ ತುಣುಕನ್ನು ನಾನು ತೆಗೆದಿರಲಿಲ್ಲ. ಮನೆಗೆ ಬಂದು ಅದೇ ಲ್ಯಾಪ್‌ಟಾಪಿನಲ್ಲಿ ಅದೇ ಫೈಲ್ ಹಚ್ಚಿದರೆ ಬಾಯವ್ವ ಗೋಣು ಹಾಕಿದಳು. ಮತ್ತೆ ಹಚ್ಚಿದೆ. ಮತ್ತೂ ಹಾಕಿದಳು.

ಅಲ್ಲೇ ಕೂತು ಆ ತುಣುಕನ್ನು ಕಿತ್ತು, ಆಕೆ ಸುಮ್ಮನೆ ಕೂತದ್ದನ್ನು ಪೂರ್ತಿ ಬಿಟ್ಟೆ. ಅಂಗಳದಲ್ಲಿ ಏನಾಯಿತೋ ನನಗೆ ಇವತ್ತಿಗೂ ತಿಳಿದಿಲ್ಲ. ಖರೇ ಹೇಳಲು ಆಕೆಯ ಹತ್ತಿರ ಮತ್ತೆ ಹೋಗಲೂ ಇಲ್ಲ.

ರಾತ್ರಿ ಅನ್ನ, ಬೇಳೆ ಸಾರು. ಯಜಮಾನರು ಆ ತುಪ್ಪ ಹಾಕಿಕೊಂಡು, "ಭಾರಿ ಐತಿ ನೋಡ, ನೀನೂ ಹಾಕ್ಕೋ," ಎಂದರು. ಹಾಕಿಕೊಂಡು ಉಂಡೆ. ಅವರು ಮೊದಲು ಮಲಗಿದರು; ನಾನು ಬಹಳ ಹೊತ್ತು ಎದ್ದೇ ಇದ್ದೆ.