ಕುಜ್ಮಿಚ್‌ಗೆ ಆಗದ ಪದ

ಆ ಗುರುವಾರ ಬೆಳಿಗ್ಗೆ ರೊಸ್ತಿಸ್ಲಾವ್ ಕುಜ್ಮಿಚ್ ಕಾಲುಚೀಲ ಹುಡುಕುತ್ತಿದ್ದ. ಎಪ್ಪತ್ತು ದಾಟಿದ ಮುದುಕ. ಗೋಡೆಗೆ ಒರಗದೆ ತಲೆಕೆಳಗಾಗಿ ಕೈಮೇಲೆ ನಿಲ್ಲಬಲ್ಲ, ಮಂಚದ ಕೆಳಗಿನ ಕಾಲುಚೀಲ ಮಾತ್ರ ಅವನ ಕಣ್ಣಿಗೆ ಬೀಳದು. ಹೆಂಡತಿ ಕ್ಲಾವಾ ಒಲೆಯ ಮುಂದೆ ನಿಂತು ಆಲೂಗಡ್ಡೆ ತುರಿದು ದ್ರಾನಿಕಿ ರೊಟ್ಟಿ ಹುಯ್ಯುತ್ತಿದ್ದಳು. ಮದುವೆಯಾದಾಗಿನಿಂದ ಬೆಳಗಿನ ಪಾಡು ಇದೇ. ಅವನು ಹುಡುಕುವುದು, ಅವಳು ಬೈಯುವುದು, ಬೆಕ್ಕು ನೋಡುವುದು.

"ಬಾ ತಿನ್ನು. ಇದು ಕೊನೇದು," ಅಂದಳು ಕ್ಲಾವಾ.

"ಅಂಚಿಂದು ಅನ್ನು."

"ಹಿಟ್ಟು ಖಾಲಿ ಆಯ್ತು ರೊಸ್ತಿಕ್. ಬೋಗುಣಿ ನೋಡು. ಕೊನೇದು."

"ಅಂಚಿಂದು ಅಂದ್ರೆ ತಿಂತೀನಿ. ಕೊನೇದು ಅಂದ್ರೆ ಗಂಟಲಲ್ಲಿ ಇಳಿಯಲ್ಲ."

"ಹಾಗಾದ್ರೆ ಬೆಕ್ಕಿಗೆ ಹಾಕ್ತೀನಿ. ಅದಕ್ಕೆ ವ್ಯಾಕರಣ ಬೇಕಾಗಿಲ್ಲ."

ಅವನು ತಿಂದ. ಮೇಲೆ ಹುಳಿ ಕೆನೆ ಬಳಿದುಕೊಂಡು ತಿಂದ. ಎಂದಿನಂತೆ ಅವಳೂ ಸೋಲಲಿಲ್ಲ, ಅವನೂ ಸೋಲಲಿಲ್ಲ.

ಕುಜ್ಮಿಚ್ ಸರ್ಕಸ್ಸಿನಲ್ಲಿದ್ದವನು. ಸರ್ಕಸ್ಸಿನವರು 'ಕೊನೆ' ಎಂಬ ಪದವನ್ನು ಬಾಯಿಗೆ ತರುವುದಿಲ್ಲ. ಕೊನೆಯ ಜಿಗಿತ ಎಂದು ಯಾರಾದರೂ ಅಂದರೆ ಅದು ನಿಜಕ್ಕೂ ಕೊನೆಯದೇ ಆಗಿಬಿಡುತ್ತದೆ ಎಂದು ಅವರಿಗೆ ಭಯ. ಅದಕ್ಕೇ ಅಂಚಿನ ಜಿಗಿತ, ಅಂಚಿನ ಆಟ, ಅಂಚಿನ ರೈಲು. ಅಂಚಿನ ಆಚೆ ಇನ್ನೊಂದು ಇದೆ ಎಂದು ಲೆಕ್ಕ. ಕ್ಲಾವಾ ಅಡುಗೆಯವಳು. ಅವಳ ಪಾತ್ರೆಗಳಿಗೆ ತಳ ಇತ್ತು, ಅಂಚೂ ಇತ್ತು. ಎರಡೂ ಒಂದೇ ಅಲ್ಲ ಎಂದು ಅವಳಿಗೆ ಗೊತ್ತಿತ್ತು.

ಅವನು ತನ್ನ ಗುಬ್ಬಚ್ಚಿಗಳ, ಅಂದರೆ ಲಾಗ ಕಲಿಯುವ ಮಕ್ಕಳ ಹತ್ತಿರ ಹೋದ. ಸಂಜೆ ಬಂದ. ಉಲ್ಯಾನಾ ಕಡೆಗೂ ಹಿಂದಕ್ಕೆ ಲಾಗ ಹಾಕಿದಳು, ಬಿದ್ದಳು, ಆದರೆ ಸೊಗಸಾಗಿ ಬಿದ್ದಳು ಎಂದು ಹೇಳಿದ. ಕೋಸಿನ ಸಾರು ಕುಡಿದ. ಬಿಸಿನೀರಲ್ಲಿ ಕಾಲಿಟ್ಟುಕೊಂಡು ಕೂತ. ಮಲಗಿದ.

ಮರುದಿನ ಏಳಲಿಲ್ಲ. ಕ್ಲಾವಾ ಕರೆದಳು. ಬೈದಳು. ಆಮೇಲೆ ಹೋಗಿ ಮುಟ್ಟಿದಳು.

*

ಕುಜ್ಮಿಚ್ ದೊಡ್ಡ ಮನುಷ್ಯನೇನಲ್ಲ. ದೊಡ್ಡ ಮನುಷ್ಯನಾಗುವುದರಲ್ಲಿದ್ದ, ಅಷ್ಟೇ. ಸೋಜ್ ನದಿಯ ದಂಡೆಯ ಹುಡುಗ. ಮರದಿಂದ ಮರಕ್ಕೆ ಹಾರುವುದನ್ನು ಕಂಡು ಕ್ರೀಡಾಶಾಲೆಯವರು ಎತ್ತಿಕೊಂಡು ಹೋದರು. ಬೆಳೆಸಿದರು, ಎಳೆದರು, ಹಸಿವಲ್ಲಿಟ್ಟರು. ಸೋವಿಯತ್ ಒಕ್ಕೂಟದ ಜಿಮ್ನಾಸ್ಟಿಕ್ ತಂಡಕ್ಕೆ ಸೇರಿಸಿದರು. ಮೀಸಲು ಆಟಗಾರನಾಗಿ. ಅಂದರೆ ಯಾರಿಗಾದರೂ ಕಾಲು ಉಳುಕಿದರೆ ಇವನು ಇಳಿಯಬೇಕು. ದೇಶದೇಶ ಸುತ್ತಿದ, ಬೆಂಚಿನ ಮೇಲೆ ಕೂತ. ಅಷ್ಟು ವರ್ಷದಲ್ಲಿ ತಂಡದ ಒಬ್ಬನಿಗೂ ಒಂದು ನೆಗಡಿ ಸಹ ಆಗಲಿಲ್ಲ.

"ಅಂಥ ಗಟ್ಟಿ ತಂಡ ನಮ್ದು," ಎಂದು ಅವನು ಹೆಮ್ಮೆ ಪಡುತ್ತಿದ್ದ.

"ನೀನು ಯಾರಿಗಾದ್ರೂ ಸ್ವಲ್ಪ ಹಳಸಿದ ಮೀನು ತಿನ್ನಿಸ್ಬೇಕಿತ್ತು," ಎನ್ನುತ್ತಿದ್ದಳು ಕ್ಲಾವಾ.

ಪದಕ ಇಲ್ಲ. ಎದೆಯ ಮೇಲೆ ದೇಶದ ಹೆಸರಿದ್ದ ನೀಲಿ ಅಂಗಿಯೊಂದು ಉಳಿಯಿತು. ದೇಶ ಹೋಯಿತು, ಅಂಗಿ ಹೋಗಲಿಲ್ಲ. ಅದನ್ನೇ ತೊಟ್ಟು ಹಾಲು ತರಲು ಹೋಗುತ್ತಿದ್ದ.

ವಯಸ್ಸು ಮೀರಿದ ಮೇಲೆ ಸರ್ಕಸ್ಸು ಸೇರಿದ. ಲಾಜರ್ ಎಂಬ ಎತ್ತಿನಂಥ ಮನುಷ್ಯ ಕೆಳಗೆ ನಿಲ್ಲುವವನು, ಇವನು ಅವನ ಹೆಗಲೇರುವವನು. ಒಂದು ಸಲ ಇವನು ಜಾರಿ ಬಿದ್ದಾಗ ಜನ ಬಿದ್ದು ಬಿದ್ದು ನಕ್ಕರು. ಯಜಮಾನ ಬಂದು, "ನಾಳೆಯೂ ಬೀಳು" ಎಂದ. ಹತ್ತು ವರ್ಷ ತಪ್ಪಿಲ್ಲದೆ ಲಾಗ ಹಾಕುವುದನ್ನು ಕಲಿತವನು ಮುಂದಿನ ಇಪ್ಪತ್ತು ವರ್ಷ ತಪ್ಪಾಗಿ ಬಿದ್ದು ಅನ್ನ ತಿಂದ.

ಕ್ಲಾವಾಳನ್ನು ಕಂಡದ್ದು ಗೊಮೆಲ್‌ನ ಬೂಟಿನ ಕಾರ್ಖಾನೆಯಲ್ಲಿ. ಕೆಲಸಗಾರರಿಗೆ ಆಟ ತೋರಿಸಲು ಬಂದಿದ್ದರು. ಊಟದ ಮನೆಯಲ್ಲಿ ಇವನು ಅರ್ಧ ತಟ್ಟೆ ಗಂಜಿ ಕೇಳಿದ.

"ಅರ್ಧ ಇಲ್ಲ," ಅಂದಳು ಕ್ಲಾವಾ. "ಹಲಗೆ ಮೇಲೆ ಅರ್ಧ ಅಂತ ಬರೆದಿಲ್ಲ."

ಅವನು ಪೂರ್ತಿ ತಿಂದ. ಆ ಸಂಜೆ ಲಾಜರ್ ಅವನನ್ನು ಎತ್ತುವಾಗ ಗೊಣಗಿದ. ಮೂರು ತಿಂಗಳಿಗೆ ಮದುವೆಯಾಯಿತು.

ದೇಶ ಒಡೆದು, ಸರ್ಕಸ್ಸು ಚದುರಿ, ಕಾರ್ಖಾನೆ ಅರ್ಧಕ್ಕೆ ಇಳಿದಾಗ ಆ ಊಟದ ಮನೆಗೆ ಬೀಗ ಬಿತ್ತು. ಕುಜ್ಮಿಚ್ ಹೋಗಿ ಕಾರ್ಖಾನೆಯವರ ಹತ್ತಿರ ಬೀಗದ ಕೈ ಕೇಳಿ ತಂದ. ಅನಾಥಾಲಯದ ಮಕ್ಕಳು, ಕುಡುಕರ ಮಕ್ಕಳು, ಯಾರ ಮಕ್ಕಳೂ ಅಲ್ಲದ ಮಕ್ಕಳು ಬಂದರು. ಕಾಸು ತೆಗೆದುಕೊಳ್ಳದೆ ಕಲಿಸಿದ. ಪರಿಚಯದವರನ್ನೆಲ್ಲ ಕಾಡಿ ಹಾಸು, ಕಂಬಿ, ಬೂಟು ತಂದ. ಸಂಸ್ಥೆಗೆ 'ಗುಬ್ಬಚ್ಚಿ' ಎಂದು ಹೆಸರಿಟ್ಟ. ಅಧ್ಯಕ್ಷ ತಾನೇ, ಕಸ ಗುಡಿಸುವವನೂ ತಾನೇ. ಮೊದಲ ಪಾಠ ಬೀಳುವುದು. ಅದರಲ್ಲಿ ಅವನಿಗಿಂತ ಬಲ್ಲವರು ಯಾರಿದ್ದರು?

ಕ್ಲಾವಾಗೆ ಆ ಜಾಗದ ಮೇಲೆ ಮುನಿಸು. ತನ್ನ ಬೀಟ್‌ರೂಟಿನ ಬೋರ್ಶ್ ಸಾರು ಕುದಿಯುತ್ತಿದ್ದಲ್ಲಿ ಮಕ್ಕಳು ಬೆವರು ಸುರಿಸುತ್ತಾರೆ. ತನ್ನ ಗಂಡ ಮನೆಗೆ ಬರುವುದು ಬರೀ ಕಾಲು ನೆನೆಸುವುದಕ್ಕೆ.

*

ಕುಜ್ಮಿಚ್ ಸತ್ತ ನಲವತ್ತನೇ ದಿನದ ಊಟಕ್ಕೆ ಜನ ಬಂದರು. ಸಾವಿನ ಊಟದ ಪದ್ಧತಿಯಂತೆ ಗ್ಲಾಸು ತಾಕಿಸದೆ ಕುಡಿದರು. ಕುಜ್ಮಿಚ್‌ನ ಪಾಲಿನ ಗ್ಲಾಸಿನ ಮೇಲೆ ಕಪ್ಪು ರೊಟ್ಟಿಯ ತುಂಡು ಇಟ್ಟರು. ಆಮೇಲೆ ಕ್ಲಾವಾ ಹೇಳಿದಳು:

"ಬೀಗದ ಕೈ ವಾಪಸ್ ಕೊಡ್ತೀನಿ. ನಂಗೆ ಲಾಗ ಬರಲ್ಲ. ಆ ಸದ್ದು ನಂಗೆ ಆಗಲ್ಲ. ಒಂದು ಆಟ ಚೆನ್ನಾಗಿ ಆಡಿಸಿ ಬಾಗಿಲು ಹಾಕ್ತೀನಿ."

ಲಾಜರ್ ತಲೆ ಎತ್ತಲಿಲ್ಲ. ಮಂಡಿ ಎರಡೂ ಕೆಟ್ಟ ಮನುಷ್ಯ, ಕೋಲು ಹಿಡಿದು ನಡೆಯುತ್ತಿದ್ದ. "ಮಕ್ಳು ಎಲ್ಲಿಗೆ ಹೋಗ್ಬೇಕು ತಾಯಿ?" ಎಂದ.

"ಮನೆಗೆ."

"ಮನೆ ಇದ್ದಿದ್ರೆ ಇಲ್ಲಿಗ್ಯಾಕೆ ಬರ್ತಿದ್ರು?"

ಕ್ಲಾವಾ ತಟ್ಟೆ ಎತ್ತಿದಳು. ಮಾತು ಮುಗಿಯಿತು ಎಂದು ಅದರ ಅರ್ಥ.

ಗೋಡೆಕಾಗದದ ಹಿಂಬದಿಯಲ್ಲಿ ತಾನೇ ಬಣ್ಣದಲ್ಲಿ ಬರೆದಳು. ಗುಬ್ಬಚ್ಚಿಗಳ ಕೊನೆಯ ಪ್ರದರ್ಶನ. ಶನಿವಾರ. ಎಲ್ಲರೂ ಬನ್ನಿ. ಊಟದ ಮನೆಯ ಬಾಗಿಲಿಗೆ ಅಂಟಿಸಿದಳು. ಅವಳ ಅಕ್ಷರ ಆ ಬೀದಿಗೆಲ್ಲ ಗೊತ್ತು. ಮೂವತ್ತು ವರ್ಷ ಊಟದ ಹಲಗೆ ಬರೆದ ಕೈ. ಹಲಗೆ ಮೇಲೆ ಬಟಾಣಿ ಸಾರು ಎಂದರೆ ತಟ್ಟೆಯಲ್ಲಿ ಬಟಾಣಿ ಸಾರೇ. ಬಟಾಣಿ ಸಿಗದ ದಿನ ನೆರೆಹೊರೆಯಲ್ಲಿ ಬೇಡಿ ತಂದಾದರೂ ಕುದಿಸಿದ್ದಳು. ಬರೆದದ್ದು ಅಳಿಸಿದವಳಲ್ಲ.

ಶನಿವಾರ ಕೋಸಿನ ಕಡುಬು ಬೇಯಿಸಿ, ಬುಟ್ಟಿ ಹೊತ್ತು ಬಂದಳು. ಹಿಮ ಕರಗಿ ಬೀದಿಯೆಲ್ಲ ರಾಡಿ. ಬಾಗಿಲ ಮುಂದೆ ಜನ. ಮೆಟ್ಟಿಲ ಮೇಲೆ ಮಕ್ಕಳು, ಆಟದ ಉಡುಪಿನ ಮೇಲೆ ಕೋಟು ಹಾಕಿಕೊಂಡು, ಗುಬ್ಬಚ್ಚಿಗಳ ಹಾಗೇ ಸಾಲಾಗಿ. ಒಬ್ಬರೂ ಒಳಗೆ ಹೋಗಿಲ್ಲ.

"ಏನಿದು? ಒಳಗೆ ನಡೀರಿ. ಕಡುಬು ಆರ್ತಾ ಇದೆ."

ಉಲ್ಯಾನಾ ಎದ್ದು ನಿಂತಳು. ಅನಾಥಾಲಯದ ಹುಡುಗಿ, ಹದಿಮೂರು, ಕಡ್ಡಿ ಕಾಲು, ಮುಂಗೋಪಿ. "ಆ ಪದ ತೆಗೀರಿ ಕ್ಲಾವಾ ಅತ್ತೆ."

"ಯಾವ ಪದ?"

"ಅದೇ. ನಾವು ಅನ್ನಲ್ಲ. ಅದರ ಕೆಳಗೆ ನಾವು ಹಾರಲ್ಲ."

"ಕೊನೇದು ಅಂದ್ರೆ ಕೊನೇದೇ ಕಣೇ. ಮುಚ್ತಾ ಇದೀವಲ್ಲ."

"ಮುಚ್ಚಿ ಬೇಕಾದ್ರೆ. ನಾನು ಒಬ್ಬರ ಹೆಗಲ ಮೇಲೊಬ್ಬರು ನಿಂತ ಮೂರು ಮಂದಿಯ ತುದೀಲಿ ನಿಲ್ಬೇಕು. ಬಿದ್ದು ಕತ್ತು ಮುರ್ಕೊಂಡ್ರೆ ನೀವು ಬರೆದದ್ದೇ ಕಾರಣ."

"ಬಾಯಿ ನೋಡು ಇವಳ್ದು! ನಿಂಗೆ ಇದನ್ನ ಕಲ್ಸಿದ್ದು ಯಾರು?"

ಕಲಿಸಿದವನು ಯಾರೆಂದು ಅವಳಿಗೇ ಗೊತ್ತಿತ್ತು.

ಕ್ಲಾವಾ ಲಾಜರ್ ಕಡೆ ನೋಡಿದಳು. ಲಾಜರ್ ಕೋಲಿನ ತುದಿಯಿಂದ ರಾಡಿಯಲ್ಲಿ ಗೆರೆ ಎಳೆಯುತ್ತಿದ್ದ. "ನನ್ನ ಕೇಳ್ಬೇಡ ತಾಯಿ. ನಾನೂ ಒಳಗೆ ಬರಲ್ಲ. ಹೆಂಡ್ರು ಮಕ್ಕಳಿರೋನು."

"ಹೆಂಡ್ತಿ ಬಿಟ್ಟು ಹೋಗಿ ಹನ್ನೆರಡು ವರ್ಷ ಆಯ್ತಲ್ಲೋ!"

"ಅವಳಿಗೂ ಏನೂ ಆಗ್ಬಾರ್ದು."

ಜನ ನಕ್ಕರು. ಕಡುಬು ಆರುತ್ತಿತ್ತು. ಆರಿದ ಕಡುಬು ಬಡಿಸುವುದೆಂದರೆ ಕ್ಲಾವಾಗೆ ಜೀವ ಹೋದಷ್ಟು ಸಂಕಟ. ಒಂದು ಪದಕ್ಕೆ ಏನು ಬಂತು ಎಂದುಕೊಂಡಳು. ಒಳಗಿನಿಂದ ಬಣ್ಣದ ಡಬ್ಬಿ ತಂದು 'ಕೊನೆಯ' ಎಂಬುದರ ಮೇಲೆ ಗೀಟು ಎಳೆದಳು. ಮೇಲೆ ದಪ್ಪಕ್ಷರದಲ್ಲಿ 'ಅಂಚಿನ' ಎಂದು ಬರೆದಳು.

"ಸಾಕಾ, ರಾಣಿಯವರೇ?"

"ಸಾಕು," ಅಂದಳು ಉಲ್ಯಾನಾ. ಕೋಟು ಬಿಚ್ಚಿ ಒಳಗೆ ಓಡಿದಳು.

ಆಟ ಚೆನ್ನಾಗಿತ್ತು ಎಂದು ಹೇಳಿದರೆ ಸುಳ್ಳು. ಕಿರಿಯರು ಎಡಕ್ಕೆ ತಿರುಗಬೇಕಾದಲ್ಲಿ ಬಲಕ್ಕೆ ತಿರುಗಿ ಡಿಕ್ಕಿ ಹೊಡೆದರು. ಒಬ್ಬನ ಚಡ್ಡಿ ಜಾರಿತು. ಆದರೆ ಬಿದ್ದವರೆಲ್ಲ ಚಂದವಾಗಿ ಬಿದ್ದರು. ಉಲ್ಯಾನಾ ಮೂರು ಮಂದಿಯ ತುದಿಯಲ್ಲಿ ನಿಂತಾಗ ಒಂದು ಕಾಲು ನಡುಗಿತು, ಮುಖ ನಡುಗಲಿಲ್ಲ. ಕೂತವರು ಎದ್ದು ಚಪ್ಪಾಳೆ ತಟ್ಟಿದರು. ಕ್ಲಾವಾ ಕಡುಬಿನ ಬುಟ್ಟಿಯ ಹಿಂದೆ ನಿಂತು ತಲೆವಸ್ತ್ರದ ತುದಿಯನ್ನು ಕಚ್ಚಿಕೊಂಡಳು. ಯಾರಾದರೂ ಕೇಳಿದರೆ ಕಡುಬಿನ ಈರುಳ್ಳಿ ಕಣ್ಣಿಗೆ ಹತ್ತಿತು ಎನ್ನಬಹುದು ಎಂದುಕೊಂಡಳು.

*

ಸೋಮವಾರ ಕಾರ್ಖಾನೆಗೆ ಒಪ್ಪಿಸಿಬರಲು ಬೀಗದ ಕೈ ಜೇಬಿಗೆ ಹಾಕಿಕೊಂಡು ಹೊರಟಳು. ಬಾಗಿಲ ಹತ್ತಿರ ಬಂದು ನಿಂತಳು. ಮಕ್ಕಳು ಬೂಟಿನ ಚೀಲ ಹಿಡಿದು ನಿಂತಿದ್ದರು. ಅವರ ಹಿಂದೆ ಹೊಸ ತಾಯಂದಿರು, ಹೊಸ ಮಕ್ಕಳು. ಬೆಣ್ಣೆಯಂಥ ಕೆನ್ನೆಯ ಒಬ್ಬಳು ಪುಟ್ಟ ಹುಡುಗನನ್ನು ಮುಂದಕ್ಕೆ ತಳ್ಳಿದಳು.

"ಇವನನ್ನೂ ಸೇರಿಸ್ಕೊಳ್ಳಿ ಕ್ಲಾವಾ ಅತ್ತೆ. ಮನೇಲಿ ಪರದೆ ಹಿಡಿದು ಜೋತಾಡ್ತಾನೆ."

"ಸೇರಿಸ್ಕೊಳ್ಳೋದು ಎಲ್ಲಿಗೆ? ಮುಚ್ಚಿ ಆಯ್ತು."

"ಮುಚ್ಚೋದಾ? ಅಂಚಿನ ಆಟ ಅಂತ ನೀವೇ ಬರೆದಿದೀರಲ್ಲ. ಮುಂದಿಂದು ಯಾವಾಗ ಅಂತ ಕೇಳೋಕೆ ಬಂದ್ವಿ. ನನ್ನ ಅತ್ತೆ ಮಾವ ಇಬ್ರೂ ಬರ್ತಾರಂತೆ."

ಗೊಮೆಲ್ ಸರ್ಕಸ್ಸಿನ ಊರು. 'ಅಂಚಿನ' ಎಂದರೆ ಮುಂದೆ ಇನ್ನೊಂದಿದೆ ಎಂದು ಗೊತ್ತಿಲ್ಲದ ಮನೆ ಇರಲಿಲ್ಲ. ಗೀಟು ಎಳೆದು ಬರೆದದ್ದನ್ನು ಎಲ್ಲರೂ ಓದಿದ್ದರು. ಕ್ಲಾವಾ ಮನಸ್ಸು ಬದಲಿಸಿದಳು ಎಂದೇ ಎಲ್ಲರೂ ತಿಳಿದಿದ್ದರು. ಮನಸ್ಸು ಬದಲಾಗದ್ದು ಕ್ಲಾವಾಗೆ ಒಬ್ಬಳಿಗೇ ಗೊತ್ತು.

ಉಲ್ಯಾನಾ ಹಾಲು ಕುಡಿದ ಬೆಕ್ಕಿನ ಹಾಗೆ ಆಕಾಶ ನೋಡುತ್ತಿದ್ದಳು.

"ನೀನು ಬೇಕು ಅಂತಲೇ ಬರೆಸಿದ್ಯಾ?"

"ನಾನಾ? ನಂಗೆ ಕತ್ತಿನ ಭಯ ಇತ್ತು ಅತ್ತೆ."

"ತಪ್ಪಾಗಿ ಬರೆದೆ ಅಂತ ಹೇಳ್ಬಿಡು ತಾಯಿ," ಎಂದ ಲಾಜರ್. ಅವನೂ ಬಂದಿದ್ದ, ಮಡಿಸುವ ಕುರ್ಚಿಯೊಂದನ್ನು ಬಗಲಲ್ಲಿಟ್ಟುಕೊಂಡು. "ನೀನು ಬರೆದದ್ದು ಇದುವರೆಗೂ ತಪ್ಪಾಗಿಲ್ಲ. ಒಂದ್ಸಲ ಆಗ್ಲಿ. ಯಾರೂ ಏನೂ ಅಂದ್ಕೊಳಲ್ಲ."

ಕ್ಲಾವಾ ಬಾಗಿಲ ಮೇಲಿನ ಕಾಗದ ನೋಡಿದಳು. ತನ್ನದೇ ಕೈ. ಬಟಾಣಿ ಸಾರಿನ ಅದೇ ದುಂಡಕ್ಷರ.

"ಕುರ್ಚಿ ಯಾಕೆ ತಂದೆ?" ಎಂದು ಲಾಜರ್‌ನನ್ನು ಕೇಳಿದಳು.

"ಕೂತು ಬೈಯೋಕೆ. ನಿಂತು ಬೈಯೋಕೆ ಮಂಡಿ ಬಿಡಲ್ಲ."

ಅವಳು ಜೇಬಿನಿಂದ ಬೀಗದ ಕೈ ತೆಗೆದಳು. ಬಾಗಿಲು ತೆಗೆದಳು. "ಕಾಲು ಒರ್ಸ್ಕೊಂಡು ಬನ್ನಿ," ಎಂದಳು. "ಇದು ಊಟದ ಮನೆ."

ಮಕ್ಕಳು ನುಗ್ಗಿದರು. ಕಂಬಿಯತ್ತ ಓಡಿದ ಹುಡುಗನಿಗೆ ಲಾಜರ್ ಕೋಲು ಅಡ್ಡ ಹಿಡಿದ. "ನಿಲ್ಲು! ಇನ್ನೂ ಯಾರೂ ಜೋತಾಡಿಲ್ಲ."

"ಏನು ಹಾಗಂದ್ರೆ?" ಎಂದಳು ಕ್ಲಾವಾ.

"ಮಕ್ಳು ಹಿಡಿಯೋಕೆ ಮುಂಚೆ ದೊಡ್ಡೋರು ಒಬ್ರು ಜೋತಾಡಿ ನೋಡ್ಬೇಕು. ತಂತಿ ಸಡಿಲ ಆಗಿದ್ರೆ ಅವರೇ ಬೀಳ್ಲಿ ಅಂತ. ನಿನ್ನ ಗಂಡ ದಿನಾ ಮಾಡ್ತಿದ್ದ. ನನ್ನ ಭುಜ ಕೂಡ ಹೋಗಿದೆ." ಅವನು ಅವಳನ್ನು ಮೇಲಿಂದ ಕೆಳಗೆ ನೋಡಿದ. "ಅವನಿಗಿಂತ ನೀನೇ ವಾಸಿ. ನಿನ್ನ ತಡ್ಕೊಂಡ್ರೆ ಅದು ಆನೇನೂ ತಡ್ಕೊಳತ್ತೆ."

ಅವಳು ಅವನಿಗೆ ಬೈದದ್ದನ್ನು ಬರೆಯಲಾಗದು.

ಈಗ ಪ್ರತಿದಿನ ಬೆಳಿಗ್ಗೆ ಮಕ್ಕಳು ಬರುವ ಮೊದಲೇ ಕ್ಲಾವಾ ಬರುತ್ತಾಳೆ. ಕೋಟು ಮೊಳೆಗೆ ತೂಗುಹಾಕುತ್ತಾಳೆ. ಹಿಟ್ಟು ಉಜ್ಜಿದ ಹಾಗೆ ಅಂಗೈಗೆ ಬಿಳಿಪುಡಿ ಉಜ್ಜಿಕೊಳ್ಳುತ್ತಾಳೆ. ಮಣೆ ಹತ್ತಿ ಕಂಬಿ ಹಿಡಿಯುತ್ತಾಳೆ. ಕಬ್ಬಿಣ ತಣ್ಣಗಿರುತ್ತದೆ. ಕಣ್ಣು ಮುಚ್ಚಿ ಕಾಲು ಎತ್ತುತ್ತಾಳೆ. ಉಣ್ಣೆಯ ಬೂಟು, ದಪ್ಪ ಲಂಗ, ಎಲ್ಲ ಸೇರಿ ಪೂರ್ತಿ ಭಾರ ಬಿಟ್ಟು ತೂಗಾಡುತ್ತಾಳೆ. ತಂತಿಗಳು ಒಂದು ಸಲ ಕಿರ್ ಎನ್ನುತ್ತವೆ, ಆಮೇಲೆ ಸುಮ್ಮನಾಗುತ್ತವೆ. ತೋಳು ನೋಯುವವರೆಗೂ ಇಳಿಯುವುದಿಲ್ಲ. ಆಮೇಲೆ ಇಳಿದು, ನಾಲ್ಕೂ ಮೂಲೆಗೆ ತಂತಿ ಬಿಗಿದ ತಿರುಪುಗಳನ್ನು ಒಂದೊಂದಾಗಿ ಬಿಗಿ ಮಾಡುತ್ತಾಳೆ.